ನಲವತ್ತೆಂಟೂವರೆಯ ಶ್ರುತಿ

ನಮ್ಮ ಮನೆಯಲ್ಲಿ ಕುಕ್ಕರ್ ಕೂಗಬೇಕಾದರೆ ಅದಕ್ಕೆ ಅನುಮತಿ ಬೇಕು. ಒಲೆಯ ಮೇಲಿಡುವ ಮುಂಚೆ ನಾನು ಮೆಟ್ಟಿಲ ಬುಡದಲ್ಲಿ ನಿಂತು, ಕತ್ತು ಮೇಲಕ್ಕೆತ್ತಿ, "ಕುಕ್ಕರ್ ಇಡ್ಲಾ?" ಎಂದು ಕೇಳುತ್ತೇನೆ. ಮೇಲಿನಿಂದ "ಇಡು" ಎಂದು ಬಂದರೆ ಸರಿ. ಏನೂ ಬರದಿದ್ದರೆ ರೆಕಾರ್ಡಿಂಗ್ ನಡೆಯುತ್ತಿದೆ ಎಂದರ್ಥ. ಆಗ ಅಕ್ಕಿ ನೀರಿನಲ್ಲಿ ನೆನೆಯುತ್ತಾ ಕೂರುತ್ತದೆ, ಅದರ ಜೊತೆಗೆ ನಾನೂ ಕೂರುತ್ತೇನೆ. ಶಿವಮೊಗ್ಗದ ದುರ್ಗಿಗುಡಿಯ ನಮ್ಮ ಬೀದಿಯಲ್ಲಿ ನಮ್ಮನೆ ಅನ್ನದಷ್ಟು ಮೆತ್ತಗಿನ ಅನ್ನ ಇನ್ನೊಂದಿಲ್ಲ. ಬಂದವರು ಹೊಗಳಿದರೆ ನಕ್ಕು ಸುಮ್ಮನಾಗುತ್ತೇನೆಯೇ ಹೊರತು ಗುಟ್ಟು ಬಿಟ್ಟುಕೊಡುವುದಿಲ್ಲ.

ನಮ್ಮ ಯಜಮಾನರು ರಮೇಶ್ ಹಿಂದೆ ಆರ್ಕೆಸ್ಟ್ರಾದಲ್ಲಿ ಕೀಬೋರ್ಡ್ ನುಡಿಸುತ್ತಿದ್ದವರು. ಊರೂರಿನ ಗಣಪತಿ ಪೆಂಡಾಲುಗಳಲ್ಲಿ ಕೂತು ಕೂತು ಸೊಂಟ ಹಿಡಿದುಕೊಂಡ ಮೇಲೆ, ಮಹಡಿಯ ಮೇಲಿನ ಕೋಣೆಯನ್ನೇ ರೆಕಾರ್ಡಿಂಗ್ ರೂಮು ಮಾಡಿಕೊಂಡರು. ಗೋಡೆಗೆ ಹೊಡೆಸಲು ಏನೋ ವಿಶೇಷ ಸ್ಪಂಜು ತರಿಸಬೇಕೆಂದಿದ್ದರು. ನಾನು ಅಟ್ಟದಲ್ಲಿದ್ದ ಹಳೆಯ ಹತ್ತಿ ಹಾಸಿಗೆಗಳನ್ನು ಇಳಿಸಿಕೊಟ್ಟೆ. ಈಗ ಅವರ ಗೋಡೆಗಳು ಹಾಸಿಗೆ ಹೊದ್ದು ನಿಂತಿವೆ. ಹಾಡಲು ಬಂದವರು ಮೊದಲು ಆಕಳಿಸುತ್ತಾರೆ, ಆಮೇಲೆ ಹಾಡುತ್ತಾರೆ. ಮದುವೆಯ ಆಲ್ಬಮ್ಮಿಗೆ ಹಿನ್ನೆಲೆ ಸಂಗೀತ, ಸೀರೆ ಅಂಗಡಿಯ ಆಟೋ ಪ್ರಚಾರಕ್ಕೆ ಎರಡು ಸಾಲು, ಯಾರದೋ ನಾಮಕರಣಕ್ಕೆ ಜೋಗುಳ, ಎಲ್ಲವೂ ಅಲ್ಲಿಯೇ ತಯಾರಾಗುತ್ತವೆ.

ಹೋದ ತಿಂಗಳು ಒಂದು ಮಧ್ಯಾಹ್ನ ಕಾಫಿ ಕೊಡಲು ಮೇಲೆ ಹೋದಾಗ ಇವರು ಕಂಪ್ಯೂಟರಿನ ಮುಂದೆ ಮುಗುಳ್ನಗುತ್ತಾ ಕೂತಿದ್ದರು. ಈ ವಯಸ್ಸಿನಲ್ಲಿ ಗಂಡಸರು ಒಬ್ಬರೇ ಮುಗುಳ್ನಗುತ್ತಿದ್ದರೆ ಏನೆಂದು ಕೇಳುವುದು ಒಳ್ಳೆಯದು. ಕೇಳಿದೆ.

"ಹಳೇ ಕಾಲದ ಆರ್ಗನ್ ಕಣೇ. ಒಳಗೆ ಕಬ್ಬಿಣದ ಚಕ್ರಗಳು ತಿರುಗ್ತಾ ಇದ್ವಲ್ಲ, ಆ ಥರದ್ದು. ಅದನ್ನ ಹಾಗೇ ಸಾಫ್ಟ್‌ವೇರ್ ಮಾಡಿದಾರೆ. ಬರೀ ನಾದ ಅಲ್ಲ, ಅದರ ಐಬುಗಳನ್ನೂ ಬಿಟ್ಟಿಲ್ಲ. ನೋಡು, ಕೀಬೋರ್ಡಿನ ಮನೆ ಒತ್ತಿದಾಗ ಟಿಕ್ ಅಂತಿತ್ತು, ಅದು ಇಲ್ಲಿದೆ. ಒಂದು ಚಕ್ರದ ದನಿ ಪಕ್ಕದ್ದಕ್ಕೆ ಸೋರ್ತಿತ್ತು, ಅದು ಇಲ್ಲಿದೆ. ಇದು ವಯಸ್ಸು. ಈ ಕಡೆ ಎಳೆದ್ರೆ ಹೊಸದು, ಆ ಕಡೆ ಎಳೆದ್ರೆ ಮುದುಕಿ."

"ಐಬು ಬೇಕು ಅಂತ ಕೇಳಿ ಹಾಕಿಸ್ಕೊಂಡ್ರಾ?" ಎಂದೆ.

"ಐಬು ತೆಗೆದ್ರೆ ಸತ್ತ ಹಾಗೆ ಕೇಳುತ್ತೆ, ಸುಜಾತ."

ಮೂವತ್ತು ವರ್ಷದ ಸಂಸಾರದಲ್ಲಿ ಇಷ್ಟು ದೊಡ್ಡ ಮನಸ್ಸಿನ ಮಾತನ್ನು ಇವರು ಒಂದು ಪೆಟ್ಟಿಗೆಯ ಬಗ್ಗೆ ಆಡಿದರು. ನನ್ನ ಮಂಡಿ ಟಿಕ್ ಎಂದಾಗ ಇಷ್ಟು ಸಂಭ್ರಮ ಪಟ್ಟಿದ್ದನ್ನು ನಾನು ಕಂಡಿಲ್ಲ.

ಮಾತಿಗೆ ಮಾತು ಕೊಡಬೇಕೆಂದು ಪರದೆಯ ಕಡೆ ಬಗ್ಗಿದವಳು ಹಾಗೆಯೇ ನಿಂತುಬಿಟ್ಟೆ. ಎರಡು ಅಂತಸ್ತಿನಲ್ಲಿ ಬೆರಳೊತ್ತುವ ಮನೆಗಳು, ಅವುಗಳ ಮೇಲೆ ಹೊರಗೆಳೆಯುವ ಸಣ್ಣ ಸಣ್ಣ ಗುಂಡಿಗಳ ಸಾಲು: ಎರಡು ಕಂದು, ಮಿಕ್ಕವು ಬಿಳಿ ಮತ್ತು ಕಪ್ಪು. ಬಲಗಡೆ ಮೂಲೆಯಲ್ಲಿ ಎರಡು ಸ್ವಿಚ್ಚು. ನನಗೆ ಹನ್ನೊಂದು ವರ್ಷವಾಗಿದ್ದಾಗ ಆ ಕಂದು ಗುಂಡಿಯೊಂದನ್ನು ಚಾಕೊಲೇಟಿರಬಹುದೆಂದು ನೆಕ್ಕಿ ನೋಡಿದ್ದೆ. ಧೂಳು ಮತ್ತು ಪಾಲಿಶ್ ಸೇರಿದ ಒಂದು ರುಚಿ. ಅದು ಅಷ್ಟು ವರ್ಷಗಳ ಆಚೆಯಿಂದ ನಾಲಿಗೆಗೆ ಬಂತು.

"ಇದು ನಮ್ಮ ಕ್ಲಬ್ಬಿಂದು," ಎಂದೆ.

ನಾನು ಹುಟ್ಟಿ ಬೆಳೆದದ್ದು ಭದ್ರಾವತಿಯ ಒಂದು ಕಾರ್ಖಾನೆಯ ಕಾಲೋನಿಯಲ್ಲಿ. ಅಲ್ಲಿಯ ಕ್ಲಬ್ಬಿನ ಹಾಲಿನಲ್ಲಿ, ಕೇರಂ ಬೋರ್ಡುಗಳ ಪಕ್ಕ, ಇಂಥದೇ ಒಂದು ಆರ್ಗನ್ ಇತ್ತು. ಯಂತ್ರ ಜೋಡಿಸಲು ಬಂದ ಯಾವನೋ ಹೊರದೇಶದ ಇಂಜಿನಿಯರ್ ಹೋಗುವಾಗ ಬಿಟ್ಟುಹೋದನೆಂದು ಹೇಳುತ್ತಿದ್ದರು. ಹೊತ್ತುಕೊಂಡು ಹೋಗಲು ಎಂಟು ಜನ ಬೇಕಾಗಿದ್ದುದನ್ನು ಬಿಟ್ಟುಹೋಗದೆ ಇನ್ನೇನು ಮಾಡುತ್ತಾನೆ. ಕಾಲೋನಿಯ ಶಾಲೆಯ ಸ್ಟೆಲ್ಲಾ ಟೀಚರ್ ಒಬ್ಬರಿಗೇ ಅದು ಒಗ್ಗಿತ್ತು. ಶನಿವಾರ ಮಧ್ಯಾಹ್ನ ಹಾಡುವ ಹುಡುಗಿಯರನ್ನೆಲ್ಲ ಅಲ್ಲಿಗೆ ಕರೆದೊಯ್ಯುತ್ತಿದ್ದರು.

ಆರ್ಗನ್ ಸುಮ್ಮನೆ ಶುರುವಾಗುತ್ತಿರಲಿಲ್ಲ. ಮೊದಲನೆಯ ಸ್ವಿಚ್ಚು ಒತ್ತಿದರೆ ಒಳಗೆ ಏನೋ ಗೊಣಗುತ್ತಾ ಎದ್ದು ತಿರುಗತೊಡಗುವುದು. ಅದು ವೇಗ ಹಿಡಿಯುವವರೆಗೆ ಎಂಟು ಎಣಿಸಿ ಆಮೇಲೆ ಎರಡನೆಯದನ್ನು ಒತ್ತಬೇಕು. ಎಣಿಸುವ ಕೆಲಸ ನಮ್ಮದು. ಇಪ್ಪತ್ತು ಹುಡುಗಿಯರು ಸಾಲಾಗಿ ನಿಂತು "ಒಂದು, ಎರಡು" ಎಂದು ಕೂಗುತ್ತಿದ್ದೆವು. ನನ್ನ ಪಕ್ಕ ನಿಲ್ಲುತ್ತಿದ್ದ ಮೆಹರುನ್ನೀಸಾ ಬೇಕೆಂದೇ ಆರರ ಮೇಲೆ ಎಂಟಕ್ಕೆ ಹಾರುತ್ತಿದ್ದಳು. ಟೀಚರ್ ತಿರುಗಿ ನೋಡುತ್ತಿದ್ದರು. ಮತ್ತೆ ಒಂದರಿಂದ.

ನಮ್ಮ ಶಾಲೆಯ ಪ್ರಾರ್ಥನೆಗೆ ರಾಗ ಹಾಕಿದ್ದು ಸ್ಟೆಲ್ಲಾ ಟೀಚರೇ, ಆ ಆರ್ಗನ್ ಮೇಲೆಯೇ. ಬರೆದಿಡಲಿಲ್ಲ. ದಿನಾ ಬೆಳಿಗ್ಗೆ ನಾನೂರು ಮಕ್ಕಳು ಹಾಡುವುದನ್ನು ಯಾಕಾದರೂ ಬರೆದಿಡಬೇಕು? ಆಮೇಲೆ ಕ್ಲಬ್ ಮುಚ್ಚಿತು, ಆರ್ಗನ್ ಯಾವುದೋ ಗೋದಾಮಿಗೆ ಹೋಯಿತು, ಶಾಲೆಯೂ ಮುಚ್ಚಿತು. ನಾನೂರು ಮಕ್ಕಳು ನಾನೂರು ದಿಕ್ಕಿಗೆ ಹೋದರು. ನಾನು ಹೆಚ್ಚು ದೂರ ಹೋಗಲಿಲ್ಲ, ಶಿವಮೊಗ್ಗಕ್ಕೆ ಬಂದೆ. ಮೆಹರು ಅಷ್ಟೂ ಹೋಗಲಿಲ್ಲ, ಭದ್ರಾವತಿಯ ಓಲ್ಡ್ ಟೌನಿನಲ್ಲೇ ಟೈಲರಿಂಗ್ ಅಂಗಡಿ ಇಟ್ಟಳು.

ಆ ಮೆಹರುವಿಗೂ ನನಗೂ ಒಂದು ಹಳೆಯ ಜಗಳವಿದೆ. ಪ್ರಾರ್ಥನೆಯ ಮೂರನೆಯ ಸಾಲು, "ಕಲಿಯುವ ಕೈಗೆ ಬಲವನು ನೀಡು" ಎಂಬಲ್ಲಿ, "ಕೈಗೆ" ಆದಮೇಲೆ ದನಿ ಮೇಲೇರುತ್ತದೆ ಎಂದು ಅವಳು. ಇಳಿಯುತ್ತದೆ ಎಂದು ನಾನು. ರವಿಕೆ ಅಳತೆ ಕೊಡಲು ಹೋದಾಗಲೆಲ್ಲ ಟೇಪು ಹಿಡಿದುಕೊಂಡೇ ಹಾಡಿ ತೋರಿಸುತ್ತಾಳೆ. ಹೋಗಲಿ ಬಿಡು, ಟೀಚರನ್ನೇ ಕೇಳಿದರಾಯಿತು ಎಂದುಕೊಂಡು ಅಷ್ಟು ವರ್ಷ ಕೇಳದೆ ಕಳೆದೆವು. ಕೇಳಲು ಟೀಚರ್ ಇದ್ದೇ ಇರುತ್ತಾರಲ್ಲ ಎಂಬ ಸೋಮಾರಿತನ.

ಸಾಫ್ಟ್‌ವೇರ್ ಆರ್ಗನ್ ಬಂದ ವಾರದಲ್ಲೇ ಮೆಹರು ಫೋನ್ ಮಾಡಿದಳು. ಎಂದಿನ ನಗು ಇರಲಿಲ್ಲ.

"ಟೀಚರ್ ಮನೆಗೆ ಹೋಗಿದ್ದೆ ಮಾರಾಯ್ತಿ. ಜಗಳ ಮುಗಿಸೋಣ ಅಂತ ಕೇಳೇಬಿಟ್ಟೆ. ಎರಡು ಸಾಲು ಗುನುಗಿದ್ರು, ಮೂರನೇದಕ್ಕೆ ನಿಂತ್ಕೊಂಡ್ರು. ಮತ್ತೆ ಶುರು ಮಾಡಿದ್ರು, ಮತ್ತೆ ಅಲ್ಲೇ ನಿಂತ್ರು. ಆಮೇಲೆ ನನ್ನ ಮುಖ ನೋಡಿ, 'ನೀನು ಹಾಡು ಮಾ, ನಾನು ಕೇಳ್ತೀನಿ' ಅಂದ್ರು. ಇತ್ತೀಚೆಗೆ ತುಂಬಾ ಮರೀತಿದಾರೆ. ಗ್ಯಾಸ್ ಹಚ್ಚಿದ್ದು ಮರೀತಾರೆ, ನನ್ನ ಅಂಗಡಿ ಯಾವುದು ಅನ್ನೋದು ಮರೀತಾರೆ. ಅದೆಲ್ಲ ಪರವಾಗಿಲ್ಲ, ನಾವು ಹೇಳ್ತೀವಿ. ಇದನ್ನ ಮರೆತ್ರೆ ಯಾರು ಹೇಳೋರು? ನೀನಾ, ನಾನಾ? ನಮ್ಮಿಬ್ಬರದೂ ತಪ್ಪಿರಬೋದು."

ತನ್ನದು ತಪ್ಪಿರಬಹುದು ಎಂದು ಮೆಹರುನ್ನೀಸಾ ಒಪ್ಪಿಕೊಂಡಳೆಂದರೆ ವಿಷಯ ಗಂಭೀರವಾಗಿದೆ ಎಂದು ನನಗೆ ಖಾತ್ರಿಯಾಯಿತು.

ಇವರಿಗೆ ಹೇಳಿದೆ. "ಬೆರಳಿಗೆ ನೆನಪಿರುತ್ತೆ," ಎಂದರು ಇವರು. "ಬಾಯಿಗೆ ಮರೆತ ಹಾಡು ಎಷ್ಟೋ ಸಲ ನನ್ನ ಬೆರಳಿಗೆ ಬಂದಿದೆ. ಆ ಆರ್ಗನ್ನೇ ಸಿಕ್ಕಿದ್ರೆ ಅವರಿಗೆ ಬಂದ್ರೂ ಬರಬೋದು. ಇದನ್ನೇ ತಗೊಂಡು ಹೋಗೋಣ."

ಹೋಗುವ ಮುಂಚೆ ಇದು ನಮ್ಮ ಆರ್ಗನ್ನಿನ ಹಾಗೆ ಕೇಳುತ್ತದೆಯೋ ಇಲ್ಲವೋ ನೋಡಬೇಕಿತ್ತು. ಪರೀಕ್ಷಕಿ ನಾನು. ಒಲೆ ಆರಿಸಿ, ಸೆರಗಿನಲ್ಲಿ ಕೈ ಒರೆಸಿಕೊಂಡು, ಹಾಸಿಗೆ ಗೋಡೆಗೆ ಒರಗಿ ಕೂತೆ. ಇವರು ಟಿಕ್ ಹೆಚ್ಚಿಸಿದರು, ಸೋರುವುದನ್ನು ಹೆಚ್ಚಿಸಿದರು, ವಯಸ್ಸನ್ನು ಮುದುಕಿಯ ಕಡೆ ಎಳೆದರು. ಗುರ್ ಎನ್ನುವ ಹಿನ್ನೆಲೆಯೂ ಬಂತು. ಎಲ್ಲವೂ ಸರಿ, ಆದರೂ ಯಾಕೋ ಸರಿಯಿಲ್ಲ. ಪರಿಚಯದವರು ಬೇರೆಯವರ ಚಪ್ಪಲಿ ಹಾಕಿಕೊಂಡು ಬಂದ ಹಾಗೆ.

"ಇದು ಮೇಲಿದೆ," ಎಂದೆ.

"ಏನು ಮೇಲಿದೆ? ಶ್ರುತಿ ಸರಿಯಾಗಿದೆ. ಜಗತ್ತೇ ಒಪ್ಪಿಕೊಂಡಿರೋ ಶ್ರುತಿ ಅದು."

"ಜಗತ್ತು ಒಪ್ಪಿರಬೋದು. ಭದ್ರಾವತಿ ಒಪ್ಪಿಲ್ಲ."

ನ್ಯಾಯ ಕೇಳಲು ಕೆಳಗೆ ಹೋದೆವು. ಕೆಳಗೆ ನಡುಮನೆಯ ಬೆತ್ತದ ಕುರ್ಚಿಯಲ್ಲಿ ನಮ್ಮಪ್ಪ ಶಿವಣ್ಣ ಇರುತ್ತಾರೆ. ಎಂಬತ್ತನಾಲ್ಕು ವರ್ಷ, ಮಂಡಿಯೊಂದು ಬಿಟ್ಟರೆ ಎಲ್ಲ ಗಟ್ಟಿ. ಕಾರ್ಖಾನೆಯ ಸಬ್‌ಸ್ಟೇಷನ್ನಿನಲ್ಲಿ ಸ್ವಿಚ್‌ಬೋರ್ಡಿನ ಮುಂದೆ ಕೂತು ಗಂಟೆಗೊಮ್ಮೆ ಮೀಟರು ನೋಡಿ ಬರೆಯುವುದು ಅವರ ಕೆಲಸವಾಗಿತ್ತು. ಬರೆಯುವ ಚಟ ನನಗೂ ಅಲ್ಲಿಂದಲೇ ಬಂದದ್ದು. ಗ್ಯಾಸ್ ಸಿಲಿಂಡರ್ ಹಾಕಿದ ದಿನ, ಕರಿಬೇವು ಚಿಗುರಿದ ದಿನ, ಹಾಲು ಒಡೆದ ದಿನ ಎಲ್ಲವನ್ನೂ ಕ್ಯಾಲೆಂಡರಿನ ಚೌಕದಲ್ಲಿ ಬರೆದಿಡುತ್ತೇನೆ. ಯಾತಕ್ಕೆ ಎಂದು ಕೇಳಬೇಡಿ.

ಅಪ್ಪ ಮಾತು ಮುಗಿಯುವ ಮುಂಚೆಯೇ ನಕ್ಕುಬಿಟ್ಟರು. "ಮೇಲಿಲ್ದೆ ಏನಾಗುತ್ತೆ? ಆ ಆರ್ಗನ್ನಿನ ಮೋಟಾರು ಕರೆಂಟಿನ ತಾಳಕ್ಕೆ ತಿರುಗೋದು. ಕರೆಂಟು ಸೆಕೆಂಡಿಗೆ ಐವತ್ತು ಸಲ ಮಿಡೀಬೇಕು. ಲೈನಲ್ಲಿ ಐವತ್ತು ಇದ್ರೆ ಐವತ್ತರ ಹಾಗೆ, ಇಳಿದ್ರೆ ಇಳಿದ ಹಾಗೆ. ಆಗ ಐವತ್ತು ಎಲ್ಲಿರ್ತಿತ್ತು? ಬೇಸಿಗೇಲಿ ಎಲ್ಲಾ ಕಡೆ ಪಂಪ್‌ಸೆಟ್ ಎಳೆಯೋವಾಗ ನಲವತ್ತೆಂಟೂವರೆ. ಒಂದೊಂದಿನ ನಲವತ್ತೆಂಟು."

ಇವರು ಬಾಯಿ ಬಿಟ್ಟುಕೊಂಡು ಕೂತರು. "ಅಂದ್ರೆ ಊರಿನ ಕರೆಂಟ್ ಇಳಿದ್ರೆ ಶ್ರುತಿ ಇಳೀತಿತ್ತಾ?"

"ನಿಮ್ಮ ವೀಣೆ, ಪಿಟೀಲಿಗೆ ಬಿರಡೆ ತಿರುಗಿಸ್ತಾರಲ್ಲ, ಹಾಗೆ. ಆ ಆರ್ಗನ್ನಿನ ಬಿರಡೆ ಜೋಗದ ಪವರ್‌ಹೌಸಲ್ಲಿತ್ತು," ಎಂದರು ಅಪ್ಪ.

ಆಗ ಒಂದೊಂದೇ ನೆನಪಾಗತೊಡಗಿತು. ಸಬ್‌ಸ್ಟೇಷನ್ನಿನಲ್ಲಿ ಒಂದು ಮೀಟರಿತ್ತು. ಅದಕ್ಕೆ ಮುಳ್ಳಿರಲಿಲ್ಲ, ಬಿಳಿಯ ಹಲ್ಲುಗಳ ಸಾಲಿತ್ತು. ಯಾವ ಹಲ್ಲು ನಡುಗುತ್ತದೆಯೋ ಅದು ಆ ಹೊತ್ತಿನ ಲೆಕ್ಕ. ಅಪ್ಪನಿಗೆ ಬುತ್ತಿ ಕೊಡಲು ಹೋದಾಗ ಅದನ್ನು ನೋಡಿ, ಕರೆಂಟಿಗೆ ಚಳಿಯಾಗಿದೆ ಎಂದುಕೊಳ್ಳುತ್ತಿದ್ದೆ. ಕ್ಲಬ್ಬಿಗೂ ಸಬ್‌ಸ್ಟೇಷನ್ನಿಗೂ ನಡುವೆ ಕಾರ್ಖಾನೆಯದೇ ಫೋನು. ಸ್ಟೆಲ್ಲಾ ಟೀಚರ್ ನುಡಿಸುವ ಮುಂಚೆ ಅಪ್ಪನಿಗೆ ಫೋನ್ ಮಾಡಿ ಲೈನ್ ಎಷ್ಟಿದೆ ಎಂದು ಕೇಳುತ್ತಿದ್ದರು. ಕೇಳಿ, ಜೊತೆಗೆ ನುಡಿಸುತ್ತಿದ್ದ ಪಿಟೀಲಿನವರಿಗೆ ಹೇಳುತ್ತಿದ್ದರು. ಅವರು ತಂತಿ ಸಡಿಲಿಸಿಕೊಳ್ಳುತ್ತಿದ್ದರು. ಕೊಳಲಿನವರು ಮಾತ್ರ ಏನೂ ಮಾಡಲಾಗದೆ ಅವತ್ತು ತಾಳ ಹಾಕುತ್ತಿದ್ದರು.

ಇದರಿಂದ ನಮಗೆ ಒಮ್ಮೆ ಮಾನ ಹೋದದ್ದೂ ಉಂಟು. ಒಂದು ಬೇಸಿಗೆಯಲ್ಲಿ ಶಿವಮೊಗ್ಗದಲ್ಲಿ ಹಾಡಿನ ಸ್ಪರ್ಧೆ. ಎರಡು ತಿಂಗಳು ಆರ್ಗನ್ನಿನ ಜೊತೆಗೇ ಅಭ್ಯಾಸ ಮಾಡಿ, ಎರಡು ಜಡೆ, ಕನಕಾಂಬರ, ಬಿಳಿ ಸಾಕ್ಸು ಹಾಕಿಕೊಂಡು ಬಂದೆವು. ಅಲ್ಲಿದ್ದದ್ದು ಹಾರ್ಮೋನಿಯಂ. ಅವರು ಶ್ರುತಿ ಹಿಡಿದರು, ನಾವು ನಮ್ಮ ಶ್ರುತಿಯಲ್ಲಿ ಹಾಡಿದೆವು. ಹಾರ್ಮೋನಿಯಂ ಒಂದು ಮನೆಯಲ್ಲಿ, ನಾವು ಎರಡು ಮನೆಗಳ ನಡುವಿನ ಗೋಡೆಯ ಮೇಲೆ. ತೀರ್ಪುಗಾರರು ಮೂರು ಸಲ ಮೊದಲಿನಿಂದ ಹಾಡಿಸಿದರು. ಇಪ್ಪತ್ತು ಹುಡುಗಿಯರೂ ಮೂರು ಸಲವೂ ಒಂದು ಕೂದಲೆಳೆ ಅತ್ತಿತ್ತ ಆಗದೆ ಅದೇ ಗೋಡೆಯ ಮೇಲೆ ಕೂತೆವು. "ಯಾಕಮ್ಮ, ಹಾರ್ಮೋನಿಯಂ ಕೇಳ್ತಿಲ್ವಾ?" ಎಂದು ಕೇಳಿದರು. ಮೆಹರು ಮುಂದೆ ಬಂದು ವಿನಯದಿಂದಲೇ ಹೇಳಿದಳು: "ಸಾರ್, ನಿಮ್ಮೂರಲ್ಲಿ ಕರೆಂಟ್ ಜಾಸ್ತಿ ಇದೆ."

ಹಾರ್ಮೋನಿಯಂ ಕರೆಂಟಿಲ್ಲದೆ ನಡೆಯುತ್ತದೆ ಎಂಬುದು ನಮ್ಮಲ್ಲಿ ಒಬ್ಬಳಿಗೂ ಹೊಳೆಯಲಿಲ್ಲ. ಬಹುಮಾನ ಬರಲಿಲ್ಲ. ಬಸ್ಸಿನಲ್ಲಿ ಟೀಚರ್ ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದರು. ಅಳುತ್ತಿದ್ದಾರೆಂದು ನಾವು ಹೆದರಿದ್ದೆವು. ತಿರುಗಿದಾಗ ನೋಡಿದರೆ ನಕ್ಕು ನಕ್ಕು ಕಣ್ಣಲ್ಲಿ ನೀರು.

ಇವರು ಮೇಲೆ ಹೋಗಿ ಶ್ರುತಿಯನ್ನು ಅರ್ಧ ಮನೆಯಷ್ಟು ಕೆಳಗಿಳಿಸಿ ನುಡಿಸಿದರು. ಮೆಟ್ಟಿಲ ಬುಡದಲ್ಲಿ ನಿಂತಿದ್ದ ನನಗೆ ಕ್ಲಬ್ಬಿನ ನೆಲದ ತಣ್ಣನೆಯ ಕೆಂಪು ಗಾರೆ ಅಂಗಾಲಿಗೆ ತಾಗಿದ ಹಾಗಾಯಿತು.

ಟೀಚರಿಗೆ ಫೋನ್ ಮಾಡಿದೆ. ಅವರು ಒಪ್ಪಲಿಲ್ಲ. "ಕಂಪ್ಯೂಟರಲ್ಲಿ ಬರೋ ಆರ್ಗನ್ ನಂಗೆ ಬೇಡ ಮಾ. ಫೋಟೋಗೆ ಊಟ ಬಡಿಸ್ದಂಗೆ ಅದು. ನೀನು ಬಾ, ಸುಜಾತ. ಬರೀ ಕೈಯಲ್ಲಿ ಬಾ."

ಬರಿಗೈಯಲ್ಲಿ ಹೋಗಲಿಲ್ಲ. ಶನಿವಾರ ಮಧ್ಯಾಹ್ನವೇ ಹೊರಟೆವು. ಅಪ್ಪನಿಗೆ, ಆರೂವರೆಗೆ ಅನ್ನಕ್ಕಿಡಿ, ಅಕ್ಕಿ ತೊಳೆದು ಕುಕ್ಕರಿನಲ್ಲೇ ಇಟ್ಟಿದ್ದೇನೆ ಎಂದು ಹೇಳಿದೆ. ಬಸ್ಸಿನಲ್ಲಿ ಬೆಡ್‌ಶೀಟು ಸುತ್ತಿದ ಕೀಬೋರ್ಡು ನನ್ನ ಮಡಿಲಲ್ಲಿ, ಲ್ಯಾಪ್‌ಟಾಪ್ ಇವರ ಮಡಿಲಲ್ಲಿ. "ಏನಮ್ಮ ಅದು, ಇಸ್ತ್ರಿ ಹಲಗೆನಾ?" ಎಂದು ಕಂಡಕ್ಟರ್ ಕೇಳಿದ. "ಆರ್ಗನ್," ಎಂದೆ. ಎಂಟು ಜನ ಹೊರುತ್ತಿದ್ದದ್ದು ಎಂದು ಹೇಳಿದ್ದರೆ ಅವನು ನನ್ನನ್ನು ಮುಂದಿನ ಸ್ಟಾಪಿನಲ್ಲಿ ಇಳಿಸುತ್ತಿದ್ದನೇನೋ.

ಓಲ್ಡ್ ಟೌನಿನಲ್ಲಿ ಟೀಚರ್ ಮನೆಯ ಮುಂದೆ ಮೆಹರು ಕಾಯುತ್ತಿದ್ದಳು. ಕೈಯಲ್ಲಿ ಹೊಲಿಗೆ ಮೆಷಿನ್ನಿನ ಕಾಲಿನ ಪೆಡಲ್, ಅದರ ವೈರು ಬಾಲದ ಹಾಗೆ ಜೋತಾಡುತ್ತಿತ್ತು.

"ಇದ್ಯಾಕೆ?" ಎಂದೆ.

"ಟೀಚರ್ ಬಲಗಾಲಲ್ಲಿ ಒಂದನ್ನ ಒತ್ತಿ ಒತ್ತಿ ದನಿ ದೊಡ್ಡದು ಮಾಡ್ತಿದ್ರು, ಮರೆತ್ಯಾ? ನಿಮ್ಮನೆಯವ್ರ ಹಲಗೆಗೆ ಕಾಲು ಎಲ್ಲಿದೆ?"

ಸ್ಟೆಲ್ಲಾ ಟೀಚರ್ ಚಿಕ್ಕವರಾಗಿಬಿಟ್ಟಿದ್ದರು. ಆದರೆ ಪಿನ್ನು ಹಾಕಿದ ಸೀರೆಯ ನೆರಿಗೆ ಒಂದಿಷ್ಟೂ ಅಲುಗಿರಲಿಲ್ಲ. ನನ್ನನ್ನು ಗುರುತಿಸಿದರು. ಮೆಹರುವನ್ನು ಒಮ್ಮೆ ಗುರುತಿಸಿದರು, ಕಾಫಿಯ ಹೊತ್ತಿಗೆ "ಇವರು ಯಾರು ಮಾ?" ಎಂದು ನನ್ನ ಕಿವಿಯಲ್ಲಿ ಕೇಳಿದರು. ಮೆಹರುಗೆ ಕೇಳಿಸಿತು. "ಆರರ ಮೇಲೆ ಎಂಟು ಎಣಿಸ್ತಿದ್ದೋಳು, ಟೀಚರ್," ಎಂದಳು. "ಓ, ನೀನಾ ಪೋಕರಿ," ಎಂದು ಅವಳ ಕಿವಿ ಹಿಂಡಿದರು.

ಬೇಡವೆಂದದ್ದು ಅವರಿಗೆ ಮರೆತೇಹೋಗಿತ್ತು, ಅಥವಾ ಮರೆತ ಹಾಗೆ ಇದ್ದರು. ಊಟದ ಮೇಜಿನ ಮೇಲೆ ಇವರು ಕೀಬೋರ್ಡಿಟ್ಟು, ಪಕ್ಕದಲ್ಲಿ ಸಣ್ಣ ಸ್ಪೀಕರಿಟ್ಟು, ಮೈಕು ನಿಲ್ಲಿಸಿದರು. ಟೀಚರ್ ಒಂದು ಮನೆ ಒತ್ತಿದರು. ಟಿಕ್ ಎಂದಿತು. ತಲೆಯೆತ್ತಿ ನನ್ನ ಮುಖ ನೋಡಿದರು. ಮತ್ತೊಮ್ಮೆ ಒತ್ತಿದರು.

"ಎಣಿಸಲೇ ಇಲ್ವಲ್ಲ," ಎಂದರು.

ಐವತ್ತು ದಾಟಿದ ನಾವಿಬ್ಬರೂ ಫ್ರಿಜ್ಜಿನ ಪಕ್ಕ ಸಾಲಾಗಿ ನಿಂತು ಎಣಿಸಿದೆವು. ಮೆಹರು ಅವತ್ತು ಏಳನ್ನು ಬಿಡಲಿಲ್ಲ. ಟೀಚರ್ ಪೆಡಲಿನ ಮೇಲೆ ಕಾಲಿಟ್ಟು ನುಡಿಸಿದರು. ಮೊದಲನೆಯ ಸಾಲು ಬಂತು, ಎರಡನೆಯದು ಬಂತು. ಮೂರನೆಯದರಲ್ಲಿ "ಕೈಗೆ" ಬಂತು. ಬೆರಳು ನಿಂತಿತು.

ಇನ್ನೊಮ್ಮೆ. ಅಲ್ಲೇ ನಿಂತಿತು. ಇವರು ಟಿಕ್ ಕಡಿಮೆ ಮಾಡಿದರು, ವಯಸ್ಸು ಹೆಚ್ಚಿಸಿದರು. ಮತ್ತೆ ಅಲ್ಲೇ. ಟೀಚರ್ ಕೈಗಳನ್ನು ಮಡಿಲಲ್ಲಿಟ್ಟುಕೊಂಡರು. "ಹೋಯ್ತು ಮಾ," ಎಂದರು, ಬಸ್ಸು ಹೋಯಿತು ಎನ್ನುವಷ್ಟು ಮೆಲ್ಲಗೆ. ಮೆಹರು ಗೋಡೆಯ ಕಡೆ ತಿರುಗಿದಳು. ನಾನು ಕಾಫಿ ಲೋಟಗಳನ್ನು ಜೋಡಿಸಿದೆ. ಜೋಡಿಸಿದ್ದನ್ನೇ ಮತ್ತೆ ಜೋಡಿಸಿದೆ.

ಆಮೇಲೆ ಟೀಚರ್ ಸುತ್ತಮುತ್ತ ಏನನ್ನೋ ಹುಡುಕುವವರ ಹಾಗೆ ನೋಡಿದರು. ಗೋಡೆ ನೋಡಿದರು, ಮೇಜಿನ ಅಂಚು ನೋಡಿದರು. "ಇವತ್ತು ಎಷ್ಟಿದೆ?" ಎಂದು ಕೇಳಿದರು.

"ತಾರೀಕಾ ಟೀಚರ್?" ಎಂದರು ಇವರು.

"ತಾರೀಕು ಯಾರಿಗೆ ಬೇಕು? ಲೈನ್ ಎಷ್ಟಿದೆ? ಶಿವಣ್ಣನೋರಿಗೆ ಫೋನ್ ಮಾಡಿದ್ರಾ? ಕೇಳ್ದೆ ಹೇಗೆ ಶುರು ಮಾಡೋದು?"

ಟಿಕ್ ತಂದಿದ್ದೆವು, ಸೋರುವುದನ್ನು ತಂದಿದ್ದೆವು, ಇಳಿದ ಶ್ರುತಿ ತಂದಿದ್ದೆವು, ಹೊಲಿಗೆ ಮೆಷಿನ್ನಿನ ಪೆಡಲನ್ನೂ ತಂದಿದ್ದೆವು. ಇದೊಂದನ್ನು ಬಿಟ್ಟು ಬಂದಿದ್ದೆವು. ಮನೆಗೆ ಫೋನ್ ಹಚ್ಚಿ, ಸ್ಪೀಕರಿಗೆ ಹಾಕಿ, ಮೇಜಿನ ಮೇಲಿಟ್ಟೆ.

"ಹಲೋ," ಎಂದರು ಅಪ್ಪ.

"ಶಿವಣ್ಣನೋರೇ, ನಾನು ಸ್ಟೆಲ್ಲಾ, ಕ್ಲಬ್ಬಿಂದ. ಲೈನ್ ಎಷ್ಟಿದೆ ಇವತ್ತು?"

ಅಪ್ಪನಿಗೆ ನಾನು ಏನನ್ನೂ ಹೇಳಿಕೊಟ್ಟಿರಲಿಲ್ಲ.

"ಒಂದ್ನಿಮಿಷ ಟೀಚರ್. ನೋಡಿ ಹೇಳ್ತೀನಿ."

ಬೆತ್ತದ ಕುರ್ಚಿ ಕಿರುಗುಟ್ಟಿತು. ಮಂಡಿ ನೋವಿನ ಅಪ್ಪ ಎದ್ದು ನಿಂತರು. ನಮ್ಮನೆ ನಡುಮನೆಯಲ್ಲಿ ಎದ್ದು ನೋಡಬೇಕಾದ್ದೆಂದರೆ ನನ್ನ ಕ್ಯಾಲೆಂಡರ್ ಒಂದೇ. ನಾಲ್ಕು ಹೆಜ್ಜೆ ಹೋದದ್ದು, ನಾಲ್ಕು ಹೆಜ್ಜೆ ಬಂದದ್ದು ಫೋನಿನಲ್ಲಿ ಕೇಳಿಸಿತು.

"ನಲವತ್ತೆಂಟೂವರೆ ಇದೆ ಟೀಚರ್. ಆರೂವರೆ ಮೇಲೆ ಇಳೀಬೋದು. ಅಷ್ಟರಲ್ಲಿ ಮುಗಿಸಿಬಿಡಿ."

"ಥ್ಯಾಂಕ್ಸ್ ಶಿವಣ್ಣನೋರೇ," ಎಂದು ಟೀಚರ್ ನಮ್ಮ ಕಡೆ ತಿರುಗಿದರು. ಹುಬ್ಬು ಮೇಲೇರಿತ್ತು. ಶನಿವಾರದ ಹುಬ್ಬು. "ನಲವತ್ತೆಂಟೂವರೆ. ನೆಟ್ಟಗೆ ನಿಂತ್ಕೊಳ್ಳಿ."

ನಿಂತೆವು. ಇವರೂ ನಿಂತರು.

ಮೊದಲನೆಯ ಸಾಲು, ಎರಡನೆಯ ಸಾಲು. ಮೂರನೆಯದರಲ್ಲಿ "ಕೈಗೆ" ಆದಮೇಲೆ ಬೆರಳು ಮತ್ತೆ ನಿಂತಿತು. ಆದರೆ ಟೀಚರ್ ತಲೆ ತೂಗಿದರು, ಒಂದು ಎಣಿಕೆಯಷ್ಟು ಕೈಯನ್ನು ಗಾಳಿಯಲ್ಲಿ ಹಿಡಿದು, ಅದೇ ಮನೆಯ ಮೇಲೆ ಇಳಿಸಿ ಮುಂದೆ ಹೋದರು. ನಾಲ್ಕನೆಯ ಸಾಲು, ಮತ್ತೆ ಪಲ್ಲವಿ, ಎಲ್ಲೂ ನಿಲ್ಲದೆ ಕೊನೆಯವರೆಗೆ.

ಏರುವುದೂ ಇಲ್ಲ, ಇಳಿಯುವುದೂ ಇಲ್ಲ. ಅಲ್ಲಿ ಇದ್ದದ್ದು ಏನೂ ಇಲ್ಲದ ಒಂದು ಜಾಗ. "ಒಂದನೇ ಕ್ಲಾಸಿನ ಮಕ್ಕಳಿಗೆ ಉಸಿರು ಸಾಲ್ತಿರ್ಲಿಲ್ಲ ಮಾ," ಎಂದರು ಟೀಚರ್ ಆಮೇಲೆ. "ಅವರಿಗೆ ಅಂತ ಒಂದು ಗುಟುಕು ಗಾಳಿ ಬಿಟ್ಟಿದ್ದೆ." ಅವರ ಬೆರಳು ಮೊದಲಿನಿಂದಲೂ ಸರಿಯಾದ ಜಾಗದಲ್ಲೇ ನಿಲ್ಲುತ್ತಿತ್ತು. ಅದು ಮರೆವೆಂದು ತಿಳಿದು ನಾವೂ ಹೆದರಿದ್ದೆವು, ಅವರೂ ಹೆದರಿದ್ದರು. ಮೆಹರು ಮಾತ್ರ ನಮ್ಮನ್ನು ಬಸ್ಸಿಗೆ ಬಿಡಲು ಬರುವ ದಾರಿಯಲ್ಲಿ, ಗಾಳಿ ಅಂದಮೇಲೆ ಮೇಲಕ್ಕೇ ಹೋಗುತ್ತದೆ, ಹಾಗಾಗಿ ಗೆದ್ದವಳು ತಾನೇ ಎಂದು ವಾದಿಸಿದಳು.

ಆ ರೆಕಾರ್ಡಿಂಗ್ ಈಗ ನಮ್ಮ ಶಾಲೆಯವರ ಫೋನುಗಳಲ್ಲೆಲ್ಲ ಇದೆ. ಒಂದು ಸೊಳ್ಳೆ ಹಾರಿದರೂ ಕತ್ತರಿಸಿ ತೆಗೆಯುವ ಇವರು ಅದರಲ್ಲಿ ಏನನ್ನೂ ಕತ್ತರಿಸಿಲ್ಲ. ಶುರುವಿನಲ್ಲಿ ನಾವು ಎಂಟು ಎಣಿಸಿದ್ದು ಇದೆ, ಕುರ್ಚಿ ಕಿರುಗುಟ್ಟಿದ್ದು ಇದೆ, ನಲವತ್ತೆಂಟೂವರೆ ಇದೆ. ಕೊನೆಯಲ್ಲಿ ಆರ್ಗನ್ನಿನ ದನಿ ಪೂರ್ತಿ ಆರಿ, ಯಾರೂ ಮಾತಾಡದೆ ಕೂತಿದ್ದ ಹೊತ್ತಿದೆ. ಫೋನ್ ಇಡಲು ನಾನು ಮರೆತಿದ್ದೆ. ಅದರೊಳಗಿಂದ ಅಪ್ಪನ ದನಿ ಬರುತ್ತದೆ:

"ಮುಗೀತಾ ಟೀಚರ್? ಕುಕ್ಕರ್ ಇಡ್ಲಾ?"